ಬಂದರೆ ಬರುತ್ತೇನೆ

ನ್ಯೂ ಟೌನ್ ಎಂಬುದು ಕೋಲ್ಕತ್ತವೋ ಅಲ್ಲವೋ ಎಂದು ಯಾರಾದರೂ ಕೇಳಿದರೆ ಏನು ಉತ್ತರ ಕೊಡಬೇಕೆಂಬುದು, ಇಲ್ಲಿಗೆ ಬಂದು ಒಂಬತ್ತು ವರ್ಷವಾದರೂ ನನಗೆ ತಿಳಿದಿಲ್ಲ. ಅಂಚೆಯವನನ್ನು ಕೇಳಿದರೆ ಹೌದು. ಪಿನ್‌ಕೋಡು 700 ಎಂದೇ ಆರಂಭವಾಗುತ್ತದೆ, ಲಕೋಟೆಯ ಮೇಲೆ ಕೋಲ್ಕತ್ತ ಎಂದೇ ಬರೆಯಬೇಕು. ಜಿಲ್ಲೆಯ ಲೆಕ್ಕ ಹಿಡಿದರೆ ಅಲ್ಲ. ಇದು ಉತ್ತರ 24 ಪರಗಣ. ಕೋಲ್ಕತ್ತದ ಮಹಾನಗರಪಾಲಿಕೆಗೂ ನಮಗೂ ಸಂಬಂಧವಿಲ್ಲ, ನ್ಯೂ ಟೌನಿಗೆ ಅದರದೇ ಪ್ರಾಧಿಕಾರವುಂಟು. ನಮ್ಮ ಕಟ್ಟಡದ ಹೆಂಗಸರು ಗಡಿಯಾಹಾಟಿಗೆ ಸೀರೆ ಕೊಳ್ಳಲು ಹೊರಟಾಗ "ಇವತ್ತು ಕೋಲ್ಕತ್ತಕ್ಕೆ ಹೋಗಿ ಬರುತ್ತೇವೆ" ಎನ್ನುತ್ತಾರೆ. ಅದೇ ಹೆಂಗಸರು ದೆಹಲಿಗೆ ಹೋದಾಗ "ನಾವು ಕೋಲ್ಕತ್ತದವರು" ಎನ್ನುತ್ತಾರೆ. ಯಾರೂ ಸುಳ್ಳು ಹೇಳುತ್ತಿಲ್ಲ.

ಈ ಲೇಖನ ತರ್ಕಶಾಸ್ತ್ರದ ಬಗೆಗೆ. ಓದುಗರು ಪುಟ ತಿರುಗಿಸಿ ಅಡುಗೆಯ ಅಂಕಣಕ್ಕೆ ಹೋಗುವ ಮುನ್ನ ಒಂದು ಮಾತು ಕೇಳಬೇಕೆಂದು ವಿನಂತಿ. ನಾನು ಪಂಡಿತನಲ್ಲ, ಬ್ಯಾಂಕಿನಲ್ಲಿ ಮೂವತ್ತೈದು ವರ್ಷ ಲೆಕ್ಕ ಬರೆದು ನಿವೃತ್ತನಾದವನು. ಈ ವಯಸ್ಸಿನಲ್ಲಿ ನನ್ನನ್ನು ಈ ಶಾಸ್ತ್ರಕ್ಕೆ ಎಳೆದು ತಂದದ್ದು ನನ್ನ ತಮ್ಮನ ಒಂದು ಟೆಲಿಫೋನು.

ಕಳೆದ ಆಷಾಢದಲ್ಲಿ ಚನ್ನರಾಯಪಟ್ಟಣದ ಹತ್ತಿರದ ನಮ್ಮ ಹಳ್ಳಿಯಿಂದ ಅವನು ಮಾತಾಡಿದ. ಮನೆಯ ಜಂತೆಗೆ ಗೆದ್ದಲು ಹಿಡಿದಿದೆ, ಹಿಂದಿನ ಅಂಕಣ ಸೋರುತ್ತಿದೆ. ಬಿಚ್ಚಿ ಹೊಸದು ಕಟ್ಟಬೇಕು. ಸಾಲಕ್ಕೆ ಹೋದರೆ ಆಸ್ತಿ ಒಬ್ಬನ ಹೆಸರಿನಲ್ಲಿರಲಿ ಎನ್ನುತ್ತಾರೆ. "ಅಣ್ಣಯ್ಯ, ನೀನು ಬಂದು ಇರೋದಾದರೆ ನಿನಗೂ ಒಂದು ಕೋಣೆ ಸೇರಿಸಿ ಕಟ್ಟಿಸ್ತೀನಿ. ಬರಲ್ಲ ಅಂದರೆ ಹಕ್ಕು ಖುಲಾಸೆ ಪತ್ರ ಮಾಡಿಕೊಡು. ಬರ್ತೀಯೋ ಇಲ್ವೋ? ಒಂದು ಮಾತು ಹೇಳು." ನಾನು ಎಂದಿನಂತೆ "ಬರ್ತೀನಿ ಕಣೋ, ನೋಡೋಣ" ಎಂದೆ. ಅವನು ಸ್ವಲ್ಪ ಹೊತ್ತು ಸುಮ್ಮನಿದ್ದು, "ಅಮ್ಮನಿಗೂ ಹಿಂಗೇ ಹೇಳ್ತಿದ್ದೆ" ಎಂದು ಫೋನಿಟ್ಟ.

1979ರಲ್ಲಿ ಹೌರಾ ನಿಲ್ದಾಣದಲ್ಲಿ ಇಳಿದ ದಿನದಿಂದ ನಾನು ಹೇಳುತ್ತ ಬಂದ ಮಾತದು. ಮೊದಲು "ವರ್ಗ ಆದಮೇಲೆ" ಎಂದಿತ್ತು, ಆಮೇಲೆ "ಹುಡುಗನ ಓದು ಮುಗಿದಮೇಲೆ" ಎಂದಾಯಿತು, ಕೊನೆಗೆ "ರಿಟೈರಾದ ಮೇಲೆ" ಎಂದು ನಿಂತಿತು. ರಿಟೈರಾಗಿ ಹತ್ತು ವರ್ಷ ಕಳೆದಿದೆ. ನಮ್ಮ ಸಂಘದ ಹಿರಿಯ ಸದಸ್ಯರಲ್ಲಿ ಈ ಮಾತು ಆಡದವರು ಎಷ್ಟು ಮಂದಿ ಇದ್ದಾರೆಂದು ಕೈಯೆತ್ತಿಸಿ ನೋಡಬೇಕು.

ಹಾಸನದಲ್ಲಿ ಪಿ.ಯು.ಸಿ. ಓದುವಾಗ ತರ್ಕಶಾಸ್ತ್ರ ನನಗೊಂದು ವಿಷಯವಾಗಿತ್ತು. ಎಲ್ಲ ಮನುಷ್ಯರೂ ಮರ್ತ್ಯರು, ಸಾಕ್ರೆಟೀಸ್ ಮನುಷ್ಯ, ಆದ್ದರಿಂದ ಸಾಕ್ರೆಟೀಸ್ ಮರ್ತ್ಯ ಎಂದು ನಾವು ನಲವತ್ತು ಹುಡುಗರು ಆತನನ್ನು ದಿನಕ್ಕೊಮ್ಮೆ ಕೊಲ್ಲುತ್ತಿದ್ದೆವು. ಆ ತರ್ಕದ ಬುಡದಲ್ಲಿರುವುದು ಎರಡು ಕಟ್ಟಳೆ. ಒಂದು ಮಾತು ನಿಜವಾಗಿರಬೇಕು, ಇಲ್ಲವೇ ಅದರ ನಿಷೇಧ ನಿಜವಾಗಿರಬೇಕು, ನಡುವೆ ಜಾಗವಿಲ್ಲ. ಮತ್ತು ಎರಡೂ ಒಟ್ಟಿಗೆ ನಿಜವಾಗಕೂಡದು. ತಮ್ಮ ನನ್ನನ್ನು ಕೇಳಿದ್ದು ಈ ತರ್ಕದ ಪ್ರಕಾರವೇ. ಎರಡೇ ಬಾಗಿಲು, ಯಾವುದು ಎಂದು ಹೇಳು.

ನಮ್ಮ ಎದುರು ಮನೆಯಲ್ಲಿ ಸಂಖ್ಯಾಶಾಸ್ತ್ರ ಕಲಿಸಿ ನಿವೃತ್ತರಾದ ಬಂಗಾಳಿ ಮೇಷ್ಟ್ರೊಬ್ಬರಿದ್ದಾರೆ. ಇಡೀ ಕಟ್ಟಡ ಅವರನ್ನು ಕರೆಯುವುದು "ಮಾಷ್ಟಾರ್ ಮೊಶಾಯ್" ಎಂದು. ದಿನವೂ ಬೆಳಿಗ್ಗೆ ಇಕೋ ಪಾರ್ಕಿನ ಕೆರೆಯ ದಂಡೆಯಲ್ಲಿ ನಾವಿಬ್ಬರೂ ನಡೆಯುತ್ತೇವೆ. ಮರುದಿನ ನಡೆಯುವಾಗ ನನ್ನ ಸಂಕಟ ಹೇಳಿಕೊಂಡೆ. ಸಮಾಧಾನ ಹೇಳುವರೆಂದುಕೊಂಡಿದ್ದೆ, ಅವರು ಪಾಠ ಆರಂಭಿಸಿದರು!

ನಾಳೆ ಸಮುದ್ರಯುದ್ಧ ನಡೆಯುತ್ತದೆ ಎಂಬ ಮಾತು ಇವತ್ತು ನಿಜವೋ ಸುಳ್ಳೋ ಎಂದು ಅರಿಸ್ಟಾಟಲನೇ ಕೇಳಿದ್ದನಂತೆ. ಇವತ್ತೇ ನಿಜವಾಗಿದ್ದರೆ ನಾಳೆ ಯುದ್ಧ ನಡೆಯಲೇಬೇಕು. ಸೇನಾಪತಿಗಳು ಕೂತು ಆಲೋಚಿಸುವುದೆಲ್ಲ ವ್ಯರ್ಥ. ಈ ಮುಳ್ಳು ಎರಡು ಸಾವಿರ ವರ್ಷ ಹಾಗೇ ಚುಚ್ಚುತ್ತಿತ್ತು. 1920ರಲ್ಲಿ ಪೋಲೆಂಡಿನ ಯಾನ್ ಲುಕಾಸಿಯೆವಿಚ್ ಎಂಬವನು ಅಂಥ ಮಾತುಗಳಿಗೆ ಮೂರನೆಯ ಬೆಲೆಯೊಂದನ್ನು ಕೊಟ್ಟ. ನಿಜಕ್ಕೆ 1, ಸುಳ್ಳಿಗೆ 0, ಇನ್ನೂ ತೀರ್ಮಾನವಾಗದ ಮಾತಿಗೆ ಅರ್ಧ. ಅರ್ಧದ ನಿಷೇಧವೂ ಅರ್ಧ. "ಅಥವಾ" ಎಂದು ಎರಡು ಮಾತು ಸೇರಿಸಿದರೆ ಹೆಚ್ಚು ಬೆಲೆಯದ್ದನ್ನು ತೆಗೆದುಕೊಳ್ಳಬೇಕು. ಹಾಗಾದರೆ "ಬರುತ್ತೇನೆ ಅಥವಾ ಬರುವುದಿಲ್ಲ" ಎಂಬ, ಯಾರೂ ಅಲ್ಲಗಳೆಯಲಾರದಂಥ ಮಾತಿನ ಬೆಲೆಯೂ ಅರ್ಧಕ್ಕೇ ನಿಲ್ಲುತ್ತದೆ. ಆದರೆ "ಬಂದರೆ ಬರುತ್ತೇನೆ" ಎಂಬುದು ಆತನ ಲೆಕ್ಕದಲ್ಲಿಯೂ ಪೂರ್ಣ ನಿಜ. ನನಗೆ ಬಹಳ ಸಂತೋಷವಾಯಿತು. ನಲವತ್ತು ವರ್ಷಗಳ ನನ್ನ ಮಾತಿಗೆ ಪೋಲೆಂಡಿನಲ್ಲಿ ಒಬ್ಬ ವಕೀಲ ಸಿಕ್ಕಿದ್ದ.

ಮಾಷ್ಟಾರ್ ಮೊಶಾಯ್ ಅಲ್ಲಿಗೆ ಬಿಡಲಿಲ್ಲ. ಹಾಲೆಂಡಿನ ಬ್ರೌವರ್ ಎಂಬ ಗಣಿತಜ್ಞ 1908ರಲ್ಲೇ ಬೇರೊಂದು ದಾರಿಯಿಂದ ಈ ಕಟ್ಟಳೆಯನ್ನು ಪ್ರಶ್ನಿಸಿದ್ದನಂತೆ. ಆತನಿಗೆ ಸತ್ಯವೆಂದರೆ ಸಾಧಿಸಿ ತೋರಿಸಿದ್ದು. ಸಾಧನೆ ಕೈಯಲ್ಲಿಲ್ಲದೆ, "ಎರಡರಲ್ಲೊಂದು ಇದ್ದೇ ಇದೆ, ಯಾವುದೆಂದು ದೇವರಿಗೆ ಗೊತ್ತು" ಎನ್ನುವುದು ಗಣಿತದಲ್ಲಿ ನಡೆಯದು. ವೃತ್ತದ ಪೈ ಸಂಖ್ಯೆಯ ದಶಾಂಶಗಳಲ್ಲಿ ಎಲ್ಲಾದರೂ 0123456789 ಎಂದು ಸಾಲಾಗಿ ಬರುತ್ತದೆಯೇ? ಬರುತ್ತದೆ ಎನ್ನಲು ತೋರಿಸಬೇಕು. ಬರುವುದಿಲ್ಲ ಎನ್ನಲು ಬರಲಾರದೆಂದು ಸಾಧಿಸಬೇಕು. ಎರಡೂ ಇಲ್ಲದಿರುವಾಗ ಸುಮ್ಮನಿರಬೇಕು. ಬ್ರೌವರ್ 1966ರಲ್ಲಿ ತೀರಿಕೊಂಡ. 1997ರಲ್ಲಿ ಜಪಾನಿನವರು ಕಂಪ್ಯೂಟರಿನಲ್ಲಿ ಹುಡುಕಿ ಆ ಸಾಲನ್ನು ಹಿಡಿದೇಬಿಟ್ಟರು, ಸಾವಿರದ ಏಳುನೂರು ಕೋಟಿ ಅಂಕಿಗಳನ್ನು ದಾಟಿದ ಮೇಲೆ. ಹುಡುಕಿದ ಪ್ರೊಫೆಸರರ ಹೆಸರು ಕನಡ. ಕೇಳಿದೊಡನೆ ನಾನು "ನಮ್ಮವರೇ?" ಎಂದುಬಿಟ್ಟೆ. ಅಲ್ಲವಂತೆ.

ನಾನು ವಾಷಿಂಗ್ ಮೆಷಿನ್ನಿನ ಮೇಲೆ ಅಂಟಿಸಿರುವ "ಫಜಿ ಲಾಜಿಕ್" ಎಂಬ ಚೀಟಿಯ ವಿಷಯ ಕೇಳಿದೆ. ಅದೂ ಇದೇ ಕುಲದ್ದು. 1965ರಲ್ಲಿ ಅಮೆರಿಕದ ಜಾದೇ ಎಂಬವರು "ಕೊಳೆಯಾಗಿದೆ" ಎಂಬಂಥ ಮಾತಿಗೆ ಸೊನ್ನೆಗೂ ಒಂದಕ್ಕೂ ನಡುವೆ ಎಷ್ಟು ಬೇಕಾದರೂ ಮೆಟ್ಟಿಲು ಕಟ್ಟಬಹುದೆಂದು ತೋರಿಸಿದರು. 1987ರಲ್ಲಿ ಜಪಾನಿನ ಸೆಂಡಾಯ್ ನಗರದ ಸುರಂಗ ರೈಲನ್ನು ಓಡಿಸಲು, ನಿಲ್ಲಿಸಲು ಆ ಲೆಕ್ಕವನ್ನೇ ಬಳಸಿದರು. ಅಡುಗೆಮನೆಯಲ್ಲಿ "ಉಪ್ಪು ಒಂಚೂರು ಮುಂದಿದೆ" ಎನ್ನುವ ನಮ್ಮ ಹೆಂಗಸರಿಗೆ ಇದರಲ್ಲಿ ಹೊಸದೇನೂ ಕಾಣಲಿಕ್ಕಿಲ್ಲ.

ಎರಡೂ ಒಟ್ಟಿಗೆ ನಿಜವಾಗಕೂಡದೆಂಬ ಇನ್ನೊಂದು ಕಟ್ಟಳೆಯ ಕಥೆ ನನಗೆ ಹೆಚ್ಚು ಹಿಡಿಸಿತು. ನನಗೆ ಎರಡು ಜನ್ಮದಿನಗಳಿವೆ. ಒಂದು ಜಾತಕದ್ದು, ಇನ್ನೊಂದು ಶಾಲೆಗೆ ಸೇರಿಸುವಾಗ ಮೇಷ್ಟ್ರು ಅಂದಾಜಿನಿಂದ ಬರೆದದ್ದು. ನನ್ನ ವಯಸ್ಸಿನವರಿಗೆ ಇದು ವಿಶೇಷವೇನಲ್ಲ. ಹಳೆಯ ತರ್ಕದ ಪ್ರಕಾರ, ಪರಸ್ಪರ ವಿರುದ್ಧವಾದ ಎರಡು ಮಾತುಗಳನ್ನು ಒಪ್ಪಿಕೊಂಡರೆ ಅವುಗಳಿಂದ ಯಾವ ಮಾತನ್ನು ಬೇಕಾದರೂ ಸಾಧಿಸಬಹುದು. ನನ್ನ ಎರಡು ಜನ್ಮದಿನಗಳಿಂದ ಹೌರಾ ಸೇತುವೆ ನನ್ನ ಪಿತ್ರಾರ್ಜಿತ ಎಂದು ತೀರ್ಮಾನಿಸಬಹುದು. ಆದರೆ ಪೆನ್ಷನ್ ಕಚೇರಿ ಹಾಗೆ ಮಾಡುವುದಿಲ್ಲ. ವಿರೋಧವನ್ನು ಒಂದು ಮೂಲೆಗೆ ಕಟ್ಟಿಹಾಕಿ ಉಳಿದ ಕೆಲಸ ನಡೆಸುತ್ತದೆ. ಬ್ರೆಜಿಲಿನ ನ್ಯೂಟನ್ ಡ ಕೋಸ್ಟಾ ಎಂಬವರು 1963ರಲ್ಲಿ ಇಂಥ ಕಟ್ಟಿಹಾಕುವಿಕೆಗೇ ಒಂದು ತರ್ಕವನ್ನು ರೂಪಿಸಿದರು. 1977ರಲ್ಲಿ ಅಮೆರಿಕದ ಬೆಲ್ನಪ್, ಕಂಪ್ಯೂಟರ್ ಹೇಗೆ ಆಲೋಚಿಸಬೇಕೆಂದು ವಿಚಾರಿಸುತ್ತ, ನಾಲ್ಕು ಬೆಲೆಗಳನ್ನು ಹೇಳಿದರು. ನಿಜವೆಂದು ಯಾರೋ ಹೇಳಿದ್ದಾರೆ, ಸುಳ್ಳೆಂದು ಯಾರೋ ಹೇಳಿದ್ದಾರೆ, ಎರಡೂ ಹೇಳಿದ್ದಾರೆ, ಯಾರೂ ಏನೂ ಹೇಳಿಲ್ಲ. ಮದುವೆಗೆ ಹೆಣ್ಣು ಗಂಡು ವಿಚಾರಿಸುವಾಗ ನಮ್ಮ ಅತ್ತೆಯವರು ಇಟ್ಟುಕೊಳ್ಳುತ್ತಿದ್ದ ಲೆಕ್ಕವೂ ಹೆಚ್ಚುಕಡಿಮೆ ಇದೇ.

ಇಷ್ಟು ಹೇಳಿ ಮಾಷ್ಟಾರ್ ಮೊಶಾಯ್ ನಿಂತರು. "ದಾದಾ, ಇದೆಲ್ಲ ಹೊರಗಿನದ್ದು. ನಿಮ್ಮ ಊರಿನ ಮಾತನ್ನು ನೀವೇ ಹೇಳುತ್ತಿಲ್ಲವಲ್ಲ?" ಎಂದರು. ನನಗೆ ಅರ್ಥವಾಗಲಿಲ್ಲ. "ಶ್ರವಣಬೆಳಗೊಳ ನಿಮ್ಮ ಹಳ್ಳಿಗೆ ಹತ್ತಿರವಲ್ಲವೆ? ಸ್ಯಾದ್ವಾದ!"

ನಮ್ಮ ಹಳ್ಳಿಯ ಕೆರೆ ಏರಿಯ ಮೇಲೆ ಒಂದು ಶಾಸನದ ಕಲ್ಲು ವಾಲಿಕೊಂಡಿದೆ. ಅದಕ್ಕೆ ಬೆನ್ನು ಕೊಟ್ಟು ಕೂತು ನಾವು ಹುಡುಗರು ಹುಣಿಸೆಹಣ್ಣು ತಿನ್ನುತ್ತಿದ್ದೆವು. ಕರ್ನಾಟಕದ ಜೈನ ಶಾಸನಗಳಲ್ಲಿ ಬಹಳಷ್ಟು ಒಂದೇ ಸಂಸ್ಕೃತ ಶ್ಲೋಕದಿಂದ ಆರಂಭವಾಗುತ್ತವೆ. ಜಿನಶಾಸನಕ್ಕೆ ಸ್ಯಾದ್ವಾದವೇ ಗುರುತು ಎಂದು ಅದು ಹೊಗಳುತ್ತದೆ. ದಾನ ಕೊಟ್ಟ ಗದ್ದೆಯ ಎಲ್ಲೆ ಹೇಳುವ ಕಲ್ಲಿನ ನೆತ್ತಿಯ ಮೇಲೆ ತರ್ಕಶಾಸ್ತ್ರದ ಒಂದು ಸಿದ್ಧಾಂತದ ಹೆಸರು! ಬೇರೆ ನಾಡಿನಲ್ಲಿ ಹೀಗಿದ್ದರೆ ಅವರು ಎಷ್ಟು ಮೆರೆಯುತ್ತಿದ್ದರೋ. ನಾನಂತೂ ಅದಕ್ಕೆ ಬೆನ್ನು ಹಾಕಿ ಕೂತವನು.

ಈ ವಿದ್ಯೆಗೆ ಬಲ ತಂದವರಲ್ಲಿ ಮುಖ್ಯರು "ಆಪ್ತಮೀಮಾಂಸೆ" ಬರೆದ ಸಮಂತಭದ್ರರು, ಅದಕ್ಕೆ "ಅಷ್ಟಶತೀ" ಎಂಬ ವ್ಯಾಖ್ಯಾನ ಬರೆದ ಅಕಲಂಕರು. ಚಂದ್ರಗಿರಿಯ ಪಾರ್ಶ್ವನಾಥ ಬಸದಿಯಲ್ಲಿ, ಕ್ರಿ.ಶ. 1129ರ ಸುಮಾರಿನ ಮಲ್ಲಿಷೇಣ ಪ್ರಶಸ್ತಿಯಲ್ಲಿ ಇಬ್ಬರ ಹೆಸರೂ ಇದೆ. ಸಮಂತಭದ್ರರು ಪಾಟಲಿಪುತ್ರದಲ್ಲಿ ವಾದಕ್ಕೆ ಭೇರಿ ಹೊಡೆಸಿ, ಆಮೇಲೆ ಮಾಳವ, ಸಿಂಧು, ಠಕ್ಕ, ಕಾಂಚಿ, ವಿದಿಶೆಗಳನ್ನು ಸುತ್ತಿ ಕರಹಾಟಕಕ್ಕೆ ಬಂದರೆಂದು ಅದು ಹೇಳುತ್ತದೆ. ವರ್ಗಾವಣೆಯ ನೌಕರಿ ಮಾಡಿದ ನನಗೆ ಈ ಪಟ್ಟಿ ಕೇಳಿ ಆಪ್ತರೆನಿಸಿದರು.

ಸ್ಯಾದ್ವಾದ ಎಂದೊಡನೆ ಕುರುಡರು ಆನೆ ಮುಟ್ಟಿದ ಕಥೆ ಹೇಳುವುದು ವಾಡಿಕೆ, ನಾನು ಹೇಳುವುದಿಲ್ಲ. ಮುಖ್ಯವಾದದ್ದು "ಸ್ಯಾತ್" ಎಂಬ ಪದ. ಅದಕ್ಕೆ "ಇದ್ದರೂ ಇರಬಹುದು" ಎಂದು ಅರ್ಥ ಹೇಳುವವರು ಬಹಳ. ಅದು ತಪ್ಪು. "ಒಂದು ದೃಷ್ಟಿಯಿಂದ ಖಂಡಿತವಾಗಿ" ಎಂಬುದೇ ಅದರ ಅರ್ಥ. ಕೋಲ್ಕತ್ತದಲ್ಲಿ ಓದಿ ಆಕ್ಸ್‌ಫರ್ಡಿನಲ್ಲಿ ಪ್ರಾಧ್ಯಾಪಕರಾಗಿದ್ದ ಬಿಮಲಕೃಷ್ಣ ಮತಿಲಾಲರು 1981ರ ತಮ್ಮ ಪುಸ್ತಕದಲ್ಲಿ ಈ ಭೇದವನ್ನು ಚೆನ್ನಾಗಿ ಬಿಡಿಸಿದ್ದಾರೆ. ಮಡಕೆ ಇದೆ: ತನ್ನ ದ್ರವ್ಯ, ತನ್ನ ಕ್ಷೇತ್ರ, ತನ್ನ ಕಾಲ, ತನ್ನ ಭಾವ ಇವುಗಳ ದೃಷ್ಟಿಯಿಂದ. ಮಡಕೆ ಇಲ್ಲ: ಬೇರೆಯದರ ದ್ರವ್ಯ, ಕ್ಷೇತ್ರ, ಕಾಲ, ಭಾವಗಳ ದೃಷ್ಟಿಯಿಂದ. ಒಂದಾದ ಮೇಲೊಂದು ಹೇಳಿದರೆ ಇದೆ ಮತ್ತು ಇಲ್ಲ. ಎರಡನ್ನೂ ಒಂದೇ ಉಸಿರಿನಲ್ಲಿ ಹೇಳಹೊರಟರೆ ಮಾತು ಸಾಲದು, ಅವಕ್ತವ್ಯ. ಇದೆ, ಇಲ್ಲ, ಅವಕ್ತವ್ಯ ಎಂಬ ಈ ಮೂರನ್ನು ಒಂದೊಂದಾಗಿ, ಎರಡೆರಡಾಗಿ, ಮೂರೂ ಒಟ್ಟಾಗಿ ಸೇರಿಸಿದರೆ ಏಳು ಬಗೆ. ಎಂಟನೆಯದು ಬರಲಾರದು, ಲೆಕ್ಕ ಹಾಕಿ ನೋಡಬಹುದು. ಇದೇ ಸಪ್ತಭಂಗಿ. ನ್ಯೂ ಟೌನ್ ಅಂಚೆಯ ದೃಷ್ಟಿಯಿಂದ ಕೋಲ್ಕತ್ತ, ಜಿಲ್ಲೆಯ ದೃಷ್ಟಿಯಿಂದ ಅಲ್ಲ ಎಂದಾಗ ನಾನು ತಿಳಿಯದೆ ಮೂರನೆಯ ಭಂಗಿಗೆ ಬಂದಿದ್ದೆ.

ಈ ಕೆರೆ ಏರಿಯ ವಿದ್ಯೆ ಗಂಗೆಯ ದಡಕ್ಕೆ ಬಂದ ಬಗೆ ಇನ್ನೂ ಸ್ವಾರಸ್ಯ. ಬರಾನಗರದ ಭಾರತೀಯ ಸಂಖ್ಯಾಶಾಸ್ತ್ರ ಸಂಸ್ಥೆಯನ್ನು ಕಟ್ಟಿದ ಪ್ರಶಾಂತಚಂದ್ರ ಮಹಲನೋಬಿಸರು 1954ರಲ್ಲಿ ಸಂಖ್ಯಾಶಾಸ್ತ್ರದ ತಳಹದಿಯ ಬಗೆಗೆ ಒಂದು ಪ್ರಬಂಧ ಬರೆದರು. ನಿಶ್ಚಯಕ್ಕೂ ಪೂರ್ಣ ಅನಿಶ್ಚಯಕ್ಕೂ ನಡುವೆ ನಿಂತು ಮಾತಾಡುವುದು ಹೇಗೆಂಬುದೇ ಅವರ ಶಾಸ್ತ್ರದ ಪ್ರಶ್ನೆ. ಅದಕ್ಕೆ ಹಳೆಯ ಪೂರ್ವಜನನ್ನು ಅವರು ಸ್ಯಾದ್ವಾದದಲ್ಲಿ ಕಂಡರು. ನಾಣ್ಯ ಚಿಮ್ಮುವ ಉದಾಹರಣೆ ಹಿಡಿದು ಏಳು ಭಂಗಿಗಳನ್ನೂ ವಿವರಿಸಿದರು. 1957ರಲ್ಲಿ ಆ ಪ್ರಬಂಧ ಸಂಸ್ಥೆಯ "ಸಂಖ್ಯಾ" ಪತ್ರಿಕೆಯಲ್ಲಿ ಮರುಮುದ್ರಣವಾಯಿತು; ಅದರ ಬೆನ್ನಿಗೇ ಸ್ಯಾದ್ವಾದದ ಮೇಲೆ ಜೆ.ಬಿ.ಎಸ್. ಹಾಲ್ಡೇನರ ಪ್ರಬಂಧ. ಇಂಗ್ಲೆಂಡು ಬಿಟ್ಟು ಅದೇ ವರ್ಷ ಬರಾನಗರಕ್ಕೆ ಬಂದು ನೆಲೆಸಿದ ಮಹಾ ಜೀವವಿಜ್ಞಾನಿ ಅವರು. ಮಾಷ್ಟಾರ್ ಮೊಶಾಯ್ ಎರಡರ ನಕಲನ್ನೂ ನನಗೆ ಓದಲು ಕೊಟ್ಟರು. ನನಗೆ ಅರ್ಥವಾದಷ್ಟರಲ್ಲಿ, ಮಹಲನೋಬಿಸರು ಅವಕ್ತವ್ಯವನ್ನು "ಇನ್ನೂ ತೀರ್ಮಾನವಾಗದ್ದು" ಎಂದು ಹಿಡಿದು ಸ್ವಲ್ಪ ತಮ್ಮ ಕಡೆಗೆ ಎಳೆದುಕೊಂಡಿದ್ದಾರೆ. ಅಕಲಂಕರು ಕೇಳಿದ್ದರೆ ವಾದಕ್ಕೆ ಭೇರಿ ಹೊಡೆಸುತ್ತಿದ್ದರೋ ಏನೋ. ಆದರೂ ಪಂಚವಾರ್ಷಿಕ ಯೋಜನೆಯ ಲೆಕ್ಕ ಹಾಕಿದ ಕೈ ಸಪ್ತಭಂಗಿಯ ಮೇಲೂ ಆಡಿತೆಂಬುದು ಸಣ್ಣ ಸಂಗತಿಯಲ್ಲ.

ಇದಕ್ಕೆ ವಿರೋಧವೂ ಅಷ್ಟೇ ಹಳೆಯದು. ಒಂದೇ ವಸ್ತುವಿನಲ್ಲಿ ಒಂದೇ ಕಾಲಕ್ಕೆ ಇರುವಿಕೆ ಇಲ್ಲದಿರುವಿಕೆಗಳು ಸೇರಲಾರವು, ಶೀತೋಷ್ಣಗಳಂತೆ. ಹೀಗೆ ಹೇಳುವ ಗುರುವಿನ ಮಾತು ಹಿಡಿದು ಶಿಷ್ಯನು ಯಾವ ಕೆಲಸಕ್ಕೆ ತಾನೆ ಹೊರಟಾನು ಎಂದು ಶಂಕರಾಚಾರ್ಯರು ಬ್ರಹ್ಮಸೂತ್ರ ಭಾಷ್ಯದಲ್ಲಿ ಕೇಳುತ್ತಾರೆ. ನನ್ನ ತಮ್ಮನ ಪ್ರಶ್ನೆಯೂ ಅದೇ ಅಲ್ಲವೆ? ಗಾರೆಯವನಿಗೆ ಎಷ್ಟು ಕೋಣೆ ಎಂದು ಹೇಳಬೇಕು. ಅರ್ಧ ಕೋಣೆ ಕಟ್ಟಿಸಲಾಗುವುದಿಲ್ಲ.

"ಅದಕ್ಕೆ ನಮ್ಮ ನವದ್ವೀಪದವರ ಬಳಿ ಒಂದು ಮರವಿದೆ" ಎಂದರು ಮಾಷ್ಟಾರ್ ಮೊಶಾಯ್. ರಘುನಾಥ ಶಿರೋಮಣಿಯ ಕಾಲದಿಂದ ನವ್ಯನ್ಯಾಯಕ್ಕೆ ತವರಾದ ಊರು ಅದು. ಮರದ ಕೊಂಬೆಯ ಮೇಲೆ ಕೋತಿ ಕೂತಿದೆ. ಮರಕ್ಕೆ ಕೋತಿಯ ಸಂಯೋಗ ಉಂಟೋ ಇಲ್ಲವೋ? ಕೊಂಬೆಯಲ್ಲಿ ಉಂಟು, ಬುಡದಲ್ಲಿ ಇಲ್ಲ. ಮರ ಒಂದೇ. ಎಲ್ಲಿಗೆ ಸೀಮಿತವಾಗಿ ಮಾತಾಡುತ್ತಿದ್ದೇವೆಂದು ಹೇಳುವ ಎಲ್ಲೆಗೆ ಅವರು "ಅವಚ್ಛೇದಕ" ಎಂದರು, ಅದನ್ನು ಹೇಳದೆ ಬಾಯಿ ಬಿಡುತ್ತಿರಲಿಲ್ಲ. ನೈಯಾಯಿಕರು ಸ್ಯಾದ್ವಾದವನ್ನು ಒಪ್ಪಿದವರಲ್ಲ. ಆದರೂ ಸಮಂತಭದ್ರರ ಮಡಕೆಯೂ ನವದ್ವೀಪದ ಮರವೂ ನನಗೆ ನೆರೆಹೊರೆಯವರಂತೆಯೇ ಕಂಡವು.

ಆಮೇಲೆ ಅವರು ಕೇಳಿದ ಪ್ರಶ್ನೆಗೆ ನಾನು ಸಿದ್ಧನಿರಲಿಲ್ಲ. "ಹೌದು ಎನ್ನಲಾಗದ, ಅಲ್ಲ ಎನ್ನಲಾಗದ ಮಾತುಗಳು ಬೇಕಾದಷ್ಟಿವೆ ದಾದಾ. ಆದರೆ ಕಾರಣ ಒಂದೇ ಅಲ್ಲ. ಮುಂದಿನದು ತೀರ್ಮಾನವಾಗಿಲ್ಲ ಎಂಬುದು ಲುಕಾಸಿಯೆವಿಚ್‌ನ ಕಾರಣ, ಅದು ಜಗತ್ತಿನ ಸ್ವಭಾವ. ಸಾಧನೆ ಕೈಯಲ್ಲಿಲ್ಲ ಎಂಬುದು ಬ್ರೌವರನದು, ಅದು ನಮ್ಮ ತಿಳಿವಿನ ಮಿತಿ. ಕೇಳಿದ ಸುದ್ದಿಗಳು ಒಂದಕ್ಕೊಂದು ತಾಳೆಯಾಗವು ಎಂಬುದು ಬೆಲ್ನಪ್‌ನದು. ದೃಷ್ಟಿ ಬೇರೆ ಬೇರೆ ಎಂಬುದು ನಿಮ್ಮ ಊರಿನವರದು. ತತ್ತ್ವಶಾಸ್ತ್ರದವರು ಇವತ್ತಿಗೂ ಜಗಳವಾಡುವುದು ಅದಕ್ಕೇ. ತರ್ಕ ಒಂದೋ ಹಲವೋ, ಅದು ಜಗತ್ತಿನ ಕಟ್ಟಳೆಯೋ ನಮ್ಮ ಮಾತಿನದೋ? ಅದಿರಲಿ. ನಿಮ್ಮ 'ಬರ್ತೀನಿ' ಇವುಗಳಲ್ಲಿ ಯಾವುದು?"

ನಾನು ಮಾತಾಡಲಿಲ್ಲ. ಸ್ವಲ್ಪ ದೂರ ನಡೆದ ಮೇಲೆ ಅವರೇ, "ಗೊತ್ತಿದ್ದೂ ಹೇಳದಿರುವುದಕ್ಕೆ ಯಾವ ತರ್ಕದಲ್ಲೂ ಬೆಲೆಯಿಲ್ಲ" ಎಂದರು. ಅವರ ಮೇಲೆ ನನಗೆ ಸಿಟ್ಟು ಬಂತು. ಎರಡು ದಿನ ಮೊಣಕಾಲು ನೋವೆಂದು ವಾಕಿಂಗಿಗೆ ಹೋಗಲಿಲ್ಲ.

ಮೂರನೆಯ ದಿನ ನನ್ನಾಕೆಯನ್ನು ಕೇಳಿದೆ, "ನಾವು ಊರಿಗೆ ಹೋಗಿ ಇರ್ತೀವಿ ಅಂತ ನಿನಗೆ ಅನ್ನಿಸ್ತದಾ?" ಅವಳು ಹುರುಳಿಕಾಯಿ ಮುರಿಯುತ್ತಿದ್ದವಳು ತಲೆಯೆತ್ತದೆ, "ನೀವು ಹೋಗಲ್ಲ ಅಂತ ಈ ಫ್ಲ್ಯಾಟಿಗೆ ದುಡ್ಡು ಕಟ್ಟಿದ ದಿನವೇ ನನಗೆ ಗೊತ್ತಾಯ್ತು. ಹೇಳಿದ್ರೆ ನಿಮಗೆ ಬೇಜಾರಾಗ್ತದೆ ಅಂತ ಸುಮ್ಮನಿದ್ದೆ" ಎಂದಳು.

ಆ ರಾತ್ರಿ ತಮ್ಮನಿಗೆ ಕಾಗದ ಬರೆದೆ. ಫೋನಿನಲ್ಲಿ ಹೇಳುವ ಧೈರ್ಯವಿರಲಿಲ್ಲ. ಸಪ್ತಭಂಗಿಯ ಹೆಸರೆತ್ತದೆ, ಅದರ ನಾಲ್ಕು ದೃಷ್ಟಿಗಳನ್ನಿಟ್ಟುಕೊಂಡು ಬರೆದೆ. ಆ ಮನೆಯ ಗೋಡೆ, ಹೆಂಚು, ನಿವೇಶನದಲ್ಲಿ ನನಗೆ ಪಾಲು ಬೇಡ. ಖುಲಾಸೆ ಪತ್ರ ಬರೆಸು, ರುಜು ಹಾಕುತ್ತೇನೆ. ವಾಸಕ್ಕೆ ನಾನು ಬರುವುದಿಲ್ಲ. ಮಗ ಇಲ್ಲಿದ್ದಾನೆ, ನಿನ್ನ ಅತ್ತಿಗೆಗೆ ನೋಡುವ ಡಾಕ್ಟರು ಇಲ್ಲಿದ್ದಾರೆ, ಮೊಮ್ಮಗಳು ಬಂಗಾಳಿಯಲ್ಲಿ ಕನಸು ಕಾಣುತ್ತಾಳೆ. ಕಾಲಿನಲ್ಲಿ ಶಕ್ತಿ ಇರುವವರೆಗೆ ವರ್ಷಕ್ಕೊಮ್ಮೆ ಬಂದು ಹದಿನೈದು ದಿನ ಇರುತ್ತೇನೆ. ಅಮ್ಮನಿಗೆ ನಾನು ಹೇಳಿದ್ದು ಸುಳ್ಳೆಂದು ಆಗ ನನಗೆ ತಿಳಿದಿರಲಿಲ್ಲ, ಆಮೇಲೆ ತಿಳಿಯಿತು, ತಿಳಿದ ಮೇಲೂ ಹೇಳುತ್ತಿದ್ದೆ. ನಾಲ್ಕನೆಯದು ಭಾವ. ಅದಕ್ಕೆ ಅರ್ಧ ಪುಟ ಬರೆದು ಹೊಡೆದುಹಾಕಿದೆ.

ಹತ್ತು ದಿನಕ್ಕೆ ಫೋನು ಬಂತು. "ಕಾಗದ ಓದಿದೆ ಅಣ್ಣಯ್ಯ" ಎಂದ. ಬಹಳ ಹೊತ್ತು ಇಬ್ಬರೂ ಏನೂ ಮಾತಾಡಲಿಲ್ಲ. ಆಮೇಲೆ, "ಶ್ರಾವಣ ಕಳೀಲಿ, ಸಬ್ ರಿಜಿಸ್ಟ್ರಾರ್ ಆಫೀಸಿಗೆ ದಿನ ಗೊತ್ತು ಮಾಡ್ತೀನಿ. ಹಿತ್ತಿಲ ಕಡೆ ಆ ಕೋಣೆ ಕಟ್ಟಿಸೋದು ಕಟ್ಟಿಸ್ತೀನಿ, ಗಾರೆಯವನಿಗೆ ಹೇಳಿಯಾಗಿದೆ. ನೀನು ಇಲ್ಲದಾಗ ಕೊಬ್ಬರಿ ಹಾಕ್ಕೋತೀನಿ" ಎಂದ.

"ನಾನು ಬಂದಾಗ ಕೊಬ್ಬರಿ ಎಲ್ಲಿಡ್ತೀಯೋ?" ಎಂದೆ.

"ನೀನು ಬಂದರೆ ತಾನೆ" ಎಂದು ನಕ್ಕ. ಹೌರಾದಿಂದ ಟಿಕೆಟ್ ಮಾಡಿಸಿದ್ದೇನೆ.